ಅರ್ಧ ಗಂಟೆ ದೂರದ ಜಲಪಾತ

ಬೆಳಗ್ಗೆ ಬಿಳಿ, ಮಧ್ಯಾಹ್ನ ಕಂದು, ಸಾಯಂಕಾಲ ಕೆಂಪು. ಬೆಳಗ್ಗೆ ಬೈತದೆ, ಮಧ್ಯಾಹ್ನ ಕುಣಿತದೆ, ಸಾಯಂಕಾಲ ಆಶೀರ್ವಾದ ಮಾಡ್ತದೆ. ಏನದು?

ತಲೆ ಕೆರ್ಕೋಬೇಡಿ. ನಿಮಗೆ ಗೊತ್ತಾಗಲ್ಲ. ಅವತ್ತು ನಮ್ಮ ಟೆಂಪೋದಲ್ಲಿ ಇದ್ದವರನ್ನ ಬಿಟ್ಟರೆ ಇನ್ಯಾರಿಗೂ ಗೊತ್ತಾಗಲ್ಲ.

ನನ್ನ ಕಾಲಲ್ಲಿ ಚಕ್ರ ಐತೆ ಅಂತ ಅಮ್ಮ ಹೇಳ್ತಾಳೆ. ಕೂತ ಕಡೆ ಕೂರಲ್ಲ, ನಿಂತ ಕಡೆ ನಿಲ್ಲಲ್ಲ. ಎಸ್ಸೆಸ್ಸೆಲ್ಸಿ ಲೆಕ್ಕದ ಪರೀಕ್ಷೆಯಲ್ಲಿ ಮೂರು ಗಂಟೆ ಕೂರೋಕಾಗದೆ ಮುಕ್ಕಾಲು ಗಂಟೆಗೇ ಪೇಪರ್ ಕೊಟ್ಟು ಎದ್ದು ಬಂದವನು ನಾನು. ಎರಡು ಸಲ ಹೋಯಿತು. ಇಂಥವನು ಕಾಲಿಟ್ಟ ಕಡೆ ಏನಾದರೂ ಒಂದು ಆಗೇ ಆಗುತ್ತೆ. ನಾನು ಮಾಡೋದಲ್ಲ, ತಾನಾಗೇ ಆಗೋದು. ಮಾವ ಇದನ್ನ ನಂಬಲ್ಲ. ನೀವಾದರೂ ನಂಬಿ.

ಷರತ್ತು

ಮಾವ ಅಂದರೆ ಅಮ್ಮನ ತಮ್ಮ. ಅರಸೀಕೆರೆಯಲ್ಲಿ ಒಂದು ಟೆಂಪೋ ಟ್ರಾವೆಲರ್ ಇಟ್ಕೊಂಡು ತಾವೇ ಓಡಿಸ್ತಾರೆ. ಭಾನುವಾರ ಒಂದು ದಿನದ ಟ್ರಿಪ್ಪು. ನಸುಕಲ್ಲಿ ಅರಸೀಕೆರೆ ಬಿಟ್ಟು, ಹಳೇಬೀಡು, ಬೇಲೂರಲ್ಲಿ ಜನ ಹತ್ತಿಸಿಕೊಂಡು, ಸೋಮವಾರಪೇಟೆ ಕಡೆ ಕಾಡೊಳಗಿನ ಜಲಪಾತ ತೋರಿಸಿ, ಅಲ್ಲಿಂದ ಬೈಲುಕುಪ್ಪೆಯ ಬೌದ್ಧರ ದೇವಸ್ಥಾನ, ಆಮೇಲೆ ಹಾಸನದ ಮೇಲೆ ವಾಪಸ್. ಮೈಕ್ ಹಿಡಿದು ವಿವರ ಹೇಳುವ ಗೈಡಿಗೆ ಆ ವಾರ ಗಂಟಲು ಕಟ್ಟಿ ದನಿಯೇ ಬರ್ತಿರಲಿಲ್ಲ.

‘ಮಾವ, ನಾನು ಹೇಳ್ತೀನಿ, ಮೈಕ್ ಕೊಡಿ’ ಅಂದೆ.

‘ಏನ್ಲಾ, ನಿನ್ ಬಾಯಿಗೆ ಬೀಗ ಹಾಕೋಕೆ ಜನ ಹುಡುಕ್ತಾ ಇವ್ನಿ, ನೀನು ಮೈಕ್ ಕೇಳ್ತೀಯಾ?’

ಬೇರೆ ದಾರಿ ಇರಲಿಲ್ಲ, ಒಪ್ಪಿದರು. ಆದರೆ ಷರತ್ತು ಹಾಕಿದರು. ಅವತ್ತಿನ ಟ್ರಿಪ್ಪಿಗೆ ನಮ್ಮ ಲೆಕ್ಕದ ಮೇಷ್ಟ್ರು ಬರ್ತಿದ್ದರು. ನನಗೆ ಲೆಕ್ಕ ಕಲಿಸೋಕೆ ಹೋಗಿ ಸುಸ್ತಾಗಿ, ರಿಟೈರ್ ಆಗಿ, ಈಗ ಮನೆಯಲ್ಲೇ ಟ್ಯೂಷನ್ ಮಾಡೋರು. ‘ಸಾಯಂಕಾಲ ಮೇಷ್ಟ್ರನ್ನ ಒಂದೇ ಮಾತು ಕೇಳ್ತೀನಿ. ಹುಡುಗ ಪರವಾಗಿಲ್ಲ ಅಂದ್ರೆ ಇನ್ಮೇಲೆ ಭಾನುವಾರದ ಮೈಕ್ ನಿಂದು. ಬೇಡ ಅಂದ್ರೆ ನಾಳೆಯಿಂದ ಅವರ ಮನೇಲಿ ಟ್ಯೂಷನ್ನು. ಪಾಸಾಗೋವರೆಗೂ ಟೆಂಪೋ ಮುಟ್ಟಂಗಿಲ್ಲ’ ಅಂದರು ಮಾವ.

‘ಪಾಸೇ ಆಗದಿದ್ರೆ?’

‘ಆಗ ನಿನ್ ಮಗನ ಪಕ್ಕ ಕೂತು ಪರೀಕ್ಷೆ ಬರಿ.’

ಎಣಿಕೆ

ಮೇಷ್ಟ್ರು ಬಿಳಿ ಪಂಚೆ, ಬಿಳಿ ಶರಟು, ನುಣ್ಣಗೆ ಹೊಳೆಯೋ ಬೋಳುತಲೆಯಲ್ಲಿ ಬಂದು ಬಾಗಿಲ ಪಕ್ಕದ ಸೀಟಲ್ಲಿ ಕೂತರು. ‘ಐದು ಗಂಟೆ ಅಂದಿದ್ರಿ. ಈಗ ಐದೂ ಹನ್ನೊಂದು. ಶುರುವಿನಲ್ಲೇ ತಪ್ಪು’ ಅಂತ ನನ್ನ ಕಡೆ ನೋಡಿದರು, ಗಡಿಯಾರವನ್ನ ನಾನೇ ತಿರುಗಿಸಿದ ಹಾಗೆ.

ಹಳೇಬೀಡಲ್ಲಿ ಎರಡು ಸಂಸಾರ ಹತ್ತಿದವು. ನಮ್ಮ ಕಡೆಯವರಿಗೆ ಹಳೇಬೀಡು ಅಂದರೆ ನೆಂಟರು ಬಂದಾಗ ತೋರಿಸೋ ಊರು. ತಾವು ನೋಡಬೇಕು ಅಂದರೆ ಬೇರೆ ಊರಿಗೇ ಹೋಗಬೇಕು. ಆದರೂ ಕೈಯಲ್ಲಿ ಮೈಕ್ ಬಂದ ಮೇಲೆ ಸುಮ್ಮನೆ ಇರೋಕಾಗುತ್ತಾ? ಶುರು ಮಾಡಿದೆ.

‘ನೋಡಿ, ಈ ದೇವಸ್ಥಾನದ ಸುತ್ತ ಸಾಲು ಸಾಲು ಆನೆ ಕೆತ್ತವ್ರೆ. ಒಂದರ ಥರ ಇನ್ನೊಂದಿಲ್ಲ.’

‘ಎಷ್ಟು ಆನೆ?’ ಮೇಷ್ಟ್ರು.

‘ಲೆಕ್ಕ ಇಲ್ಲ ಸಾರ್.’

‘ಲೆಕ್ಕ ಇಲ್ಲ ಅಂದ್ರೇನೋ? ಕಲ್ಲಿನ ಆನೆ ಓಡಿ ಹೋಗ್ತವೇನೋ?’

‘ಹಂಗಲ್ಲ ಸಾರ್. ಎಣಿಸೋಕೆ ಹೋದವರು ಒಂದು ಸುತ್ತು ಬರೋ ಹೊತ್ತಿಗೆ ಯಾವ ಆನೆಯಿಂದ ಶುರು ಮಾಡಿದ್ವಿ ಅನ್ನೋದೇ ಮರೀತಾರೆ. ಎಲ್ಲಾ ಒಂದೇ ಥರ ಐತಲ್ಲ.’

ಹೇಳಿ ಮುಗಿಸಿದ ಮೇಲೆ ಗೊತ್ತಾಯಿತು. ಟೆಂಪೋ ಪೂರ್ತಿ ನಕ್ಕಿತು. ಮೇಷ್ಟ್ರು ನಗಲಿಲ್ಲ. ‘ಎರಡನೇ ತಪ್ಪು’ ಅಂದರು.

ಭಾಷೆ

ಬೇಲೂರಿನ ಗುಡಿ ಬೀದಿಯಲ್ಲಿ ಒಬ್ಬರು ಅಜ್ಜಿ ಹತ್ತಿದರು. ಅವರ ಮನೆಯವರು ತಲೆತಲಾಂತರದಿಂದ ದೇವರಿಗೆ ಹೂ ಕಟ್ಟಿ ಕೊಡೋರು. ಅಜ್ಜಿಯ ಜೊತೆ ಎರಡು ಚೀಲ. ಒಂದರಲ್ಲಿ ಕೋಡುಬಳೆ, ಚಿತ್ರಾನ್ನ. ಇನ್ನೊಂದರಲ್ಲಿ ಮಡಿಚಿಟ್ಟ ಮೆರೂನ್ ಬಣ್ಣದ ದುಪ್ಪಟಿ. ಅದನ್ನ ಸೀಟಿನ ಮೇಲೆ ಹಾಸಿ ಕೂತು ಮೊದಲು ಕೇಳಿದ್ದೇ ಇದು:

‘ಏನೋ ಹುಡುಗಾ, ಬುದ್ಧನ ಗುಡೀಲಿ ತೀರ್ಥ ಕೊಡ್ತಾರೇನೋ?’

‘ಕೊಡ್ತಾರೆ ಅಜ್ಜಿ.’

‘ಮಂಗಳಾರತಿ?’

‘ಅದೂ ಐತೆ.’

‘ಹೌದಾ! ಮತ್ತೆ ಅವರ ಹತ್ರ ಮಾತಾಡೋದು ಹೇಗೋ? ಅವರದು ಬೇರೆ ಭಾಷೆಯಲ್ಲವೇನೋ?’

ಮೇಷ್ಟ್ರು ಕಿವಿ ಈ ಕಡೆ ಕೊಟ್ಟಿದ್ದರು. ಗೊತ್ತಿಲ್ಲ ಅಂದರೆ ಮೂರನೇ ತಪ್ಪು. ಅದಕ್ಕೇ ಬಾಯಿ ತಾನಾಗೇ ಹೇಳಿಬಿಟ್ಟಿತು: ‘ಟಿಬೆಟನ್ ಭಾಷೆಯಾ? ನನಗೆ ನೀರು ಕುಡಿದಂಗೆ ಅಜ್ಜಿ.’

‘ಕನ್ನಡದಲ್ಲೇ ಮೂವತ್ತೈದು ತೆಗೆದೋನು’ ಅಂತ ಮೇಷ್ಟ್ರು ಕಿಟಕಿಗೆ ಹೇಳಿದರು.

ಅರ್ಧ ಗಂಟೆ

ಸಕಲೇಶಪುರ ದಾಟಿದ ಮೇಲೆ ರಸ್ತೆ ಹಾವಿನ ಹಾಗೆ. ತಿರುವಿಗೊಬ್ಬರು ‘ಇನ್ನೆಷ್ಟು ದೂರ?’ ಅಂತ ಕೇಳೋರು. ನಾನು ‘ಇನ್ನು ಅರ್ಧ ಗಂಟೆ’ ಅನ್ನೋನು. ನಿಜ ಹೇಳಿದರೆ ಜನ ಇಳಿದು ಬೇರೆ ಬಸ್ ಹಿಡಿತಾರೆ ಅಂತ ಮಾವ ಮೊದಲೇ ಎಚ್ಚರ ಹೇಳಿದ್ದರು. ನಾನೂ ಕೂತಲ್ಲಿ ಕೂತಿರಲಿಲ್ಲ. ಐದು ನಿಮಿಷಕ್ಕೊಮ್ಮೆ ಎದ್ದು ಹಿಂದಿನ ಸೀಟಿಗೆ ಹೋಗೋದು, ಮುಂದೆ ಬರೋದು, ಮೈಕ್ ಆನ್ ಮಾಡೋದು, ಆಫ್ ಮಾಡೋದು.

ಮೇಷ್ಟ್ರು ಪೇಪರಿನ ಅಂಚಲ್ಲಿ ಗೀಟು ಹಾಕ್ತಾ ಬಂದಿದ್ದರು. ‘ಲೋ, ಇಲ್ಲಿ ಬಾ. ಆರು ಸಲ ಅರ್ಧ ಗಂಟೆ ಅಂದೆ. ಆರು ಅರ್ಧ ಎಷ್ಟು?’

‘ಮೂರು ಸಾರ್.’

‘ಅಬ್ಬಾ! ಇದನ್ನ ಪರೀಕ್ಷೇಲಿ ಯಾಕೋ ಬರೀಲಿಲ್ಲ?’

‘ಅಲ್ಲಿ ಕಿಟಕಿ ಪಕ್ಕ ಸೀಟು ಕೊಡ್ಲಿಲ್ಲ ಸಾರ್.’

ಅಜ್ಜಿ ನನ್ನ ಕಡೆ ವಹಿಸಿಕೊಂಡರು. ‘ಬಿಡಿ ಮೇಷ್ಟ್ರೇ, ಅರ್ಧ ಗಂಟೆ ಅನ್ನೋದು ದೂರ ಅಲ್ಲ, ಸಮಾಧಾನ. ನಮ್ಮನೆಯವರು ಮದುವೆ ಆದಾಗಿನಿಂದ ಅರ್ಧ ಗಂಟೇಲಿ ಬರ್ತೀನಿ ಅಂತ ಹೇಳೇ ಹೋಗೋದು. ಒಂದು ಸಲ ಮೂರು ದಿನ ಬಿಟ್ಟು ಬಂದರು.’

ನಿಂತರೆ ಹತ್ತುತ್ತೆ

ಜಲಪಾತಕ್ಕೆ ಕಾಡೊಳಗೆ ಕಾಲುದಾರಿಯಲ್ಲಿ ಇಳಿದು ಹೋಗಬೇಕು. ಹಿಂದಿನ ದಿನ ಮಳೆ ಬಂದಿತ್ತು. ಅಲ್ಲಿನ ಒಬ್ಬ ‘ಇಂಬಳ ಇದಾವೆ, ನೋಡ್ಕೊಂಡು ಹೋಗಿ’ ಅಂದ. ನಮ್ಮವರಿಗೆ ಇಂಬಳ ಅಂದರೇನು ಅಂತಲೇ ಗೊತ್ತಿಲ್ಲ. ಅರಸೀಕೆರೆ ಬಿಸಿಲಲ್ಲಿ ರಕ್ತ ಹೀರೋದು ಸೊಳ್ಳೆ ಒಂದೇ. ಕಾಡಿನ ಜಿಗಣೆ ಅಂತ ನಾನು ಬಿಡಿಸಿ ಹೇಳಿದೆ. ಅಲ್ಲಿಗೇ ನಿಲ್ಲಿಸಬೇಕಿತ್ತು. ನಿಲ್ಲಿಸಲಿಲ್ಲ.

‘ಗಾಬರಿ ಬೇಡ. ಇಂಬಳ ಹತ್ತೋದು ನಿಂತವರ ಕಾಲಿಗೆ ಮಾತ್ರ. ಕಾಲು ಆಡಿಸ್ತಾ ಇದ್ರೆ ಏನೂ ಆಗಲ್ಲ’ ಅಂದೆ.

ಅಷ್ಟೇ. ಹದಿನಾಲ್ಕು ಜನ ಕುಣಿಯೋಕೆ ಶುರು ಮಾಡಿದರು. ಸೆರಗು ಸಿಕ್ಕಿಸಿಕೊಂಡ ಹೆಂಗಸರು, ಪ್ಯಾಂಟ್ ಮಡಿಚಿದ ಗಂಡಸರು, ಎಲ್ಲರಿಗಿಂತ ಮುಂದೆ ಪಂಚೆ ಎತ್ತಿ ಕಟ್ಟಿದ ಮೇಷ್ಟ್ರು, ಎಡಗಾಲು, ಬಲಗಾಲು, ಒಂದು ತಪ್ಪಿಲ್ಲದ ತಾಳ. ಎದುರಿಂದ ಹತ್ತಿ ಬರ್ತಿದ್ದ ಬೆಂಗಳೂರಿನ ಹುಡುಗ ಹುಡುಗಿಯರು ಮೊಬೈಲ್ ತೆಗೆದು ವಿಡಿಯೋ ಮಾಡಿಕೊಂಡರು. ಒಬ್ಬಳು ಕೇಳಿದಳು, ‘ಬ್ರೋ, ಇದು ಯಾವ ಫೋಕ್ ಡ್ಯಾನ್ಸ್?’

‘ಅರಸೀಕೆರೆ ಕುಣಿತ’ ಅಂದೆ.

ಮೇಷ್ಟ್ರಿಗೆ ಅದು ಕೇಳಿಸಿತು. ನನ್ನ ಕಡೆ ತಿರುಗಿದರು. ಕಾಲು ಮಾತ್ರ ಕುಣಿತಾನೇ ಇತ್ತು. ಜಾರಿದರು. ದಾರಿ ಪಕ್ಕದ ಚರಂಡಿಯಲ್ಲಿ ಮೊಣಕಾಲುದ್ದ ಕೆಸರು. ಅದರೊಳಗೆ ಕೂತರು, ಕುರ್ಚಿಯಲ್ಲಿ ಕೂತ ಹಾಗೆ. ಎದ್ದಾಗ ನೆತ್ತಿ ಬಿಟ್ಟು ಎಲ್ಲಾ ಕಂದು.

ಪೆಟ್ಟೇನೂ ಆಗಿರಲಿಲ್ಲ. ಬೈಯಲೂ ಇಲ್ಲ. ಅದೇ ಭಯ. ಜಲಪಾತದ ಮುಂದೆ ಎರಡು ನಿಮಿಷ ನಿಂತೆವು. ಎರಡೂ ನಿಮಿಷ ಎಲ್ಲರೂ ತಂತಮ್ಮ ಕಾಲನ್ನೇ ನೋಡ್ತಿದ್ದರು.

ವಾಪಸ್ ಟೆಂಪೋಗೆ ಬಂದ ಮೇಲೆ ಮೇಷ್ಟ್ರು ನಲ್ಲಿ ನೀರಲ್ಲಿ ತೊಳ್ಕೊಂಡು, ಅಜ್ಜಿ ಕೊಟ್ಟ ದುಪ್ಪಟಿ ಸುತ್ತಿಕೊಂಡು ಕೂತರು. ಪಂಚೆ, ಶರಟು ಹಿಂಡಿ ಟೆಂಪೋ ಮೇಲಿನ ಕ್ಯಾರಿಯರಿಗೆ ಕಟ್ಟಿದೆ. ಮಾವ ಸ್ಟೇರಿಂಗ್ ಹಿಂದಿನಿಂದ ಮೆತ್ತಗೆ ಕೇಳಿದರು, ‘ಜಾಮಿಟ್ರಿ ಬಾಕ್ಸ್ ಇಟ್ಟಿದೀಯೇನ್ಲಾ, ಇಲ್ಲ ಹಾಸನದಲ್ಲಿ ಹೊಸದು ತಗೊಳ್ಳೋಣ್ವಾ?’

ಗುರುಗಳು

ಬೈಲುಕುಪ್ಪೆಗೆ ಬಂದಾಗ ನಾಲ್ಕು ಗಂಟೆ. ದೇವಸ್ಥಾನದೊಳಗೆ ಕತ್ತೆತ್ತಿ ನೋಡೋವಷ್ಟು ಎತ್ತರದ ಚಿನ್ನದ ಮೂರ್ತಿಗಳು, ಗೋಡೆ ತುಂಬ ಬಣ್ಣ. ಮೇಷ್ಟ್ರಿಗೆ ಕಾಲು ನೋವು. ಒಂದು ಕಂಬದ ಬುಡದಲ್ಲಿ ಕೂತರು. ದುಪ್ಪಟಿಯಲ್ಲಿ ಬೇರೆ ಥರ ಕೂರೋಕಾಗಲ್ಲ, ಅದಕ್ಕೆ ಚಕ್ಕಳ ಮಕ್ಕಳ ಹಾಕಿ, ಕಣ್ಣು ಮುಚ್ಚಿದರು.

ಬೋಳುತಲೆ. ಮೆರೂನ್ ಬಟ್ಟೆ. ಮುಚ್ಚಿದ ಕಣ್ಣು. ಶುರುವಲ್ಲಿ ನಾನು ಹಾಕಿದ ಒಗಟು ಇಲ್ಲಿ ಬಿಡಿಸಿಕೊಂಡಿತು ನೋಡಿ.

ಮೊದಲು ಯಾವುದೋ ಊರಿನ ಗಂಡ ಹೆಂಡತಿ ಬಂದು ಕೈ ಮುಗಿದರು. ಅವರನ್ನ ನೋಡಿ ಇನ್ನಿಬ್ಬರು. ಕಣ್ಣು ಬಿಡೋ ಹೊತ್ತಿಗೆ ಮೇಷ್ಟ್ರ ಮುಂದೆ ಸಾಲು. ಬಾಯಿ ತೆಗೆದರು. ನಾನು ಓಡಿ ಹೋಗಿ ಗೋಡೆ ಕಡೆ ಕೈ ತೋರಿಸಿದೆ. ‘ಮೌನವಾಗಿರಿ’ ಅಂತ ಬೋರ್ಡು. ಮೇಷ್ಟ್ರು ಜೀವಮಾನದಲ್ಲಿ ಒಂದು ನಿಯಮವನ್ನೂ ಮುರಿದವರಲ್ಲ. ಬಾಯಿ ಮುಚ್ಚಿದರು. ‘ಹೋಗಿ, ಹೋಗಿ’ ಅಂತ ಕೈ ಎತ್ತಿದರು. ಜನ ಅದನ್ನೇ ಆಶೀರ್ವಾದ ಅಂದ್ಕೊಂಡು ತಲೆ ಬಗ್ಗಿಸಿದರು.

ಸಾಲಿನಲ್ಲಿ ನಮ್ಮ ಅಜ್ಜಿ! ಕನ್ನಡಕ ಟೆಂಪೋದಲ್ಲೇ ಬಿಟ್ಟಿದ್ದರು. ಬಗ್ಗಿ ನಮಸ್ಕಾರ ಮಾಡಿ, ಅಂಗೈ ಚಾಚಿ, ‘ಸ್ವಾಮಿ, ತೀರ್ಥ’ ಅಂದರು. ಮೇಷ್ಟ್ರು ತಲೆ ಅಡ್ಡಡ್ಡ ಆಡಿಸಿದರು. ಅಜ್ಜಿ ಎದ್ದು ಬಂದು ನನ್ನ ಕಿವಿಯಲ್ಲಿ, ‘ತೀರ್ಥ ಕೊಡದಿದ್ರೂ ಏನು ಕಳೆ ಕಣೋ ಮುಖದಲ್ಲಿ! ನನ್ನ ಹತ್ರನೂ ಇಂಥದೇ ದುಪ್ಪಟಿ ಇದೆ, ಆದರೆ ಇಷ್ಟು ಚೆನ್ನಾಗಿಲ್ಲ’ ಅಂದರು.

ಅಷ್ಟರಲ್ಲಿ ಒಬ್ಬ ಚಿಕ್ಕ ವಯಸ್ಸಿನ ಭಿಕ್ಷು ಅವಸರದಲ್ಲಿ ಬಂದವರು ಮೇಷ್ಟ್ರ ಮುಂದೆ ಬಗ್ಗಿ ತಮ್ಮ ಭಾಷೆಯಲ್ಲಿ ಏನೋ ಕೇಳಿದರು. ಮೇಷ್ಟ್ರು ಪಿಳಿಪಿಳಿ. ಅಜ್ಜಿ ನನ್ನ ತೋಳು ತಿವಿದರು. ‘ಹೇಳೋ, ನಿನಗೆ ಬರುತ್ತಲ್ಲ, ಏನಂತಾರೆ?’ ನಮ್ಮ ಟೆಂಪೋದವರೆಲ್ಲ ಸುತ್ತ ಬಂದರು. ಮಾವನೂ ಬಂದಿದ್ದರು.

ಗಂಟಲು ಸರಿ ಮಾಡಿಕೊಂಡೆ. ‘ಗುರುಗಳೇ, ನಿಮ್ಮ ಮುಖದಲ್ಲಿ ಬುದ್ಧನ ಶಾಂತಿ ಐತೆ, ತಾವು ಯಾವ ಬೆಟ್ಟದಿಂದ ಇಳಿದು ಬಂದ್ರಿ, ಅಂತ ಕೇಳ್ತಾ ಇದ್ದಾರೆ.’

ಭಿಕ್ಷು ನನ್ನ ಕಡೆ ತಿರುಗಿದರು. ‘ಇಲ್ಲ ತಮ್ಮಾ. ಗೇಟಿಗೆ ಅಡ್ಡ ಒಂದು ಟೆಂಪೋ ನಿಲ್ಸವ್ರೆ, ಮೇಲೆ ಪಂಚೆ ಒಣಗ್ತಾ ಐತೆ, ಅದು ಯಾರದು ಅಂತ ಕೇಳ್ದೆ.’

ಮಾವ ಜೇಬಲ್ಲಿ ಟೆಂಪೋ ಕೀ ತಡಕಿದರು.

‘ನಿಮಗೆ ಕನ್ನಡ ಬರುತ್ತಾ?’ ಅಂದೆ.

‘ಹುಟ್ಟಿದ್ದು ಇಲ್ಲೇ ಕಣಪ್ಪ. ಎಸ್ಸೆಸ್ಸೆಲ್ಸೀಲಿ ಕನ್ನಡದಲ್ಲಿ ತೊಂಬತ್ತೊಂದು.’

ಆಗ ಮೇಷ್ಟ್ರು ಮೊದಲ ಸಲ ನಿಯಮ ಮುರಿದರು. ‘ಲೆಕ್ಕದಲ್ಲಿ?’ ಅಂದುಬಿಟ್ಟರು, ಇಡೀ ದೇವಸ್ಥಾನಕ್ಕೆ ಕೇಳೋ ಹಾಗೆ.

ಟೀ

ಹಾಸನದಲ್ಲಿ ಟೀಗೆ ನಿಲ್ಲಿಸಿದಾಗ ಇನ್ನೂ ಪೂರ್ತಿ ಕತ್ತಲಾಗಿರಲಿಲ್ಲ. ಮಾವ ಮೇಷ್ಟ್ರ ಕೈಗೆ ಲೋಟ ಕೊಟ್ಟು ಕೇಳೇಬಿಟ್ಟರು: ‘ಹುಡುಗ ಹೆಂಗೆ ಸಾರ್?’

ನಾನು ಟೆಂಪೋ ಸುತ್ತ ನಾಲ್ಕು ಸುತ್ತು ಹಾಕಿದ್ದೆ. ಐದನೇ ಸುತ್ತಲ್ಲಿ ನಿಂತೆ.

ಮೇಷ್ಟ್ರು ಟೀ ಊದಿದರು. ದುಪ್ಪಟಿ ಸರಿ ಮಾಡಿಕೊಂಡರು. ‘ಇಷ್ಟು ವರ್ಷ ಪಾಠ ಮಾಡಿದೆ. ನನ್ನ ನೋಡಿದ ಹುಡುಗರು ರಸ್ತೆಯ ಆ ಕಡೆಗೆ ದಾಟ್ತಿದ್ದರು. ಇವತ್ತು ಗುರುತೇ ಇಲ್ಲದ ಜನ ಸಾಲು ನಿಂತು ಕೈ ಮುಗಿದರು. ಈ ಕತ್ತೆ ತಪ್ಪು ಮಾಡದೇ ಇದ್ದಿದ್ರೆ ಅದು ನನಗೆ ಸಿಕ್ತಾ ಇತ್ತಾ? ಮೈಕ್ ಇವನಿಗೇ ಕೊಡಿ’ ಅಂದರು. ಅಜ್ಜಿ ಕಣ್ಣೊರೆಸಿಕೊಂಡರು. ಮಾವ ಮೈಕ್ ತಂದು ನನ್ನ ಕೈಗಿಟ್ಟರು. ಎಲ್ಲರೂ ಚಪ್ಪಾಳೆ ತಟ್ಟಿದರು.

ಚೆನ್ನಾಗಿತ್ತಲ್ಲ?

ಟೀ ಅಂಗಡಿಯದು ಪೂರ್ತಿ ನಾನೇ ಕಟ್ಟಿದ್ದು. ಮೇಷ್ಟ್ರು ನಿಜವಾಗಿ ಹೇಳಿದ್ದು ಮೂರೇ ಪದ: ‘ನಾಳೆ ಬೆಳಗ್ಗೆ ಆರಕ್ಕೆ.’ ಅಜ್ಜಿ ಅತ್ತಿದ್ದು ಮಾತ್ರ ನಿಜ, ದುಪ್ಪಟಿಯಲ್ಲಿ ಕೆಸರು ನೋಡಿ. ಈಗ ಮೇಷ್ಟ್ರ ಟ್ಯೂಷನ್ನಿನ ಹಿಂದಿನ ಚಾಪೆ ಮೇಲೆ ಕೂತು, ಲೆಕ್ಕ ಮಾಡು ಅಂತ ಕೊಟ್ಟ ಹಾಳೆಯಲ್ಲಿ ಇದನ್ನ ಬರೆದಿದ್ದೀನಿ. ಮೇಷ್ಟ್ರು ಹಾಳೆ ಕೇಳ್ತಾ ಇದ್ದಾರೆ. ಕೊನೆ ಸುಳ್ಳು ಅಂತ ನಾನಾಗೇ ಒಪ್ಪಿಕೊಂಡಿದ್ದಕ್ಕೆ ಅರ್ಧ ಮಾರ್ಕಾದರೂ ಹಾಕ್ತಾರಾ, ನೋಡಬೇಕು.