ಗಡದ ಇಲಿ, ನನ್ನ ರೊಟ್ಟಿ

ಅಳಬೇಕಾದ ಜಾಗದಲ್ಲಿ ನಗು ಬರುವುದು ನನ್ನ ಹಳೇ ರೋಗ ನೋಡ್ರಿ. ಪುಣೆ ಹತ್ತಿರದ ಸಿಂಹಗಡ ಕೋಟೆಯ ಮೇಲೆ ಒಲೆ ಹೂಡಿದ ಮೇಲಂತೂ ಅದಕ್ಕೆ ಔಷಧವೇ ಇಲ್ಲದಂತಾಯಿತು. ದಿನಾ ಏನಾದರೊಂದು ನಡೆಯುತ್ತಲೇ ಇರುತ್ತಿತ್ತು. ಗಂಡ ಅಲ್ಲಿ ಗೋಡೆ ಕೆಲಸಕ್ಕೆ ಬಂದವರು, ನಾನು ಕೂಲಿಯವರಿಗೆ ರೊಟ್ಟಿ ಬಡಿಯಲು ಕುಳಿತವಳು. ಕೆಲಸ ಮುಗಿಯಿತು, ಗಂಡನೂ ಮುಗಿದರು, ರೊಟ್ಟಿ ಉಳಿಯಿತು. ಗಡ ಹತ್ತಿ ದಣಿದು ಬಂದ ಪುಣೆಯ ಮಂದಿಗೆ ಜೋಳದ ರೊಟ್ಟಿ, ಕಡಲೆಹಿಟ್ಟಿನ ಜುಣಕ ಬಡಿಸಿಯೇ ಮಕ್ಕಳನ್ನು ದೊಡ್ಡವರನ್ನಾಗಿ ಮಾಡಿದೆ. ಈಗ ಆ ಒಲೆ ಇಲ್ಲ. ಅದನ್ನು ಆರಿಸಿದ್ದು ಒಂದು ಇಲಿ.

ತೂಕ

ಒಂದು ವರ್ಷ ಮಳೆಗಾಲಕ್ಕೆ ಮೊದಲು ಹುಡುಗಿಯೊಬ್ಬಳು ತಗಡಿನ ಡಬ್ಬಿಗಳನ್ನು ಹೊತ್ತುಕೊಂಡು ಗಡಕ್ಕೆ ಬಂದಳು. ಬೆಂಗಳೂರಿನವಳು, ಪುಣೆಯ ಕಾಲೇಜಿನಲ್ಲಿ ಓದುವವಳು. ಡಬ್ಬಿಯೊಳಗೆ ತಿನಿಸು ಹಾಕಿ ಹುಲ್ಲಿನಲ್ಲಿ ಇಡುವುದು, ಇಲಿ ಒಳಗೆ ಹೋದರೆ ಬಾಗಿಲು ಮುಚ್ಚಿಕೊಳ್ಳುವುದು. ಇಲಿ ಹಿಡಿಯಲು ಇಷ್ಟು ಓದಿದ ಹುಡುಗಿಯನ್ನೇ ಕಳಿಸಿದ್ದಾರಲ್ಲ ಅಂತ ಖುಷಿಯಾಗಿ ಚಹಾ ಕೊಟ್ಟೆ. ಬೆಳಿಗ್ಗೆ ನೋಡಿದರೆ, ಸಿಕ್ಕ ಇಲಿಯನ್ನು ಅರಿವೆ ಚೀಲದಲ್ಲಿ ಹಾಕಿ ತೂಗಿ, ಬಾಲ ಅಳೆದು, ಹಿಡಿದ ಜಾಗಕ್ಕೇ ಹೋಗಿ ಬಿಟ್ಟು ಬಂದಳು. ಹಿಡಿದದ್ದನ್ನು ಬಿಡಲಿಕ್ಕೆ ಕಾಲೇಜು ಯಾಕೆ ಬೇಕು ಅಂತ ಕೇಳಿದೆ.

"ಅಜ್ಜಿ, ಇದು ಕೊಂಡಾಣಾ ಇಲಿ. ಈ ಗುಡ್ಡ ಬಿಟ್ರೆ ಪ್ರಪಂಚದಲ್ಲಿ ಬೇರೆ ಎಲ್ಲೂ ಇಲ್ಲ," ಅಂದಳು. ಕೊಂಡಾಣಾ ಅಂದರೆ ನಮ್ಮ ಗಡದ ಹಳೇ ಹೆಸರು.

"ನಾನೂ ಈ ಗುಡ್ಡ ಬಿಟ್ರ ಎಲ್ಲೂ ಇಲ್ಲವ್ವ," ಅಂದೆ. "ನನ್ನ ಯಾರು ತೂಗಾವ್ರು?"

ಬೋರ್ಡು

ಇಲಿ ಇಷ್ಟು ದೊಡ್ಡ ಹೆಸರಿನದು ಅಂತ ಗೊತ್ತಾದ ಮೇಲೆ ಗಡ ನೋಡಿಕೊಳ್ಳುವ ಸಾಹೇಬರು ಒಂದು ಬೋರ್ಡು ಮಾಡಿಸಿದರು. ಇಲಿಯ ಚಿತ್ರ, ಬಣ್ಣ ಬಣ್ಣದ್ದು. ನೆಟ್ಟದ್ದು ಎಲ್ಲಿ? ನನ್ನ ಒಲೆಯ ಪಕ್ಕಕ್ಕೆ.

ರವಿವಾರ ಒಂದು ಕುಟುಂಬ ಬಂದು ಕುಳಿತು ರೊಟ್ಟಿ ಹೇಳಿತು. ಮನೆಯ ಯಜಮಾನನಿಗೆ ಕೈ ತೊಳೆಯುವಾಗ ಬೋರ್ಡು ಕಂಡಿತು. ನನ್ನ ಒಲೆ ನೋಡಿದ, ಬೋರ್ಡು ನೋಡಿದ, ಮೆಲ್ಲಗೆ, ಇಲ್ಲಿ ಇಲಿ ಇವೆಯಾ ಅಂತ ಕೇಳಿದ. ಹುಡುಗಿ ಕಲಿಸಿದ ಪಾಠ ನೆನಪಿತ್ತಲ್ಲ, ನಾನು ಹೆಮ್ಮೆಯಿಂದ, "ಅದಾವ್ರಿ, ಇಂಥಾವು ಬ್ಯಾರೆ ಎಲ್ಲೂ ಸಿಗೂದಿಲ್ಲ," ಅಂದೆ. ಹೆಂಡತಿ ಚಪ್ಪಲಿ ಹಾಕಿಕೊಂಡಾಗಿತ್ತು.

ಪಕ್ಕದಲ್ಲಿ ಮಡಕೆ ಮೊಸರು ಮಾರುವವಳು, ಗಡದ ಮಂದಿಗೆಲ್ಲ ಮಾವಶಿ ಅಂದರೆ ಚಿಕ್ಕವ್ವ, ನನ್ನ ಜೊತೆಗಾತಿ, ಬಿದ್ದು ಬಿದ್ದು ನಕ್ಕಳು. ಮಧ್ಯಾಹ್ನದೊಳಗೆ ಅವಳ ಗಿರಾಕಿಗಳೂ ಬೋರ್ಡು ಓದಿದರು. ಆಮೇಲೆ ಇಬ್ಬರೂ ಕೂತು ನನ್ನ ರೊಟ್ಟಿ, ಅವಳ ಮೊಸರು ನಾವೇ ಉಂಡೆವು.

ಇಲಿವಾರ

ನನ್ನ ತವರು ಬಾಗಲಕೋಟ ಕಡೆಯ ನೇಕಾರರ ಊರು. ಅಲ್ಲಿ ಗಣಪತಿ ಕೂತ ಮರುದಿನ ಇಲಿವಾರ. ಆ ದಿನ ಮಗ್ಗ ಮುಟ್ಟುವುದಿಲ್ಲ, ಕತ್ತರಿ ಹಿಡಿಯುವುದಿಲ್ಲ. ಮೊದಲು ಇಲಿಗೆ ಎಡೆ, ಆಮೇಲೆ ನಮಗೆ. ಹೊಟ್ಟೆ ತುಂಬಿದ ಇಲಿ ನೂಲು ಕಡಿಯುವುದಿಲ್ಲ ಅಂತ ನಂಬಿಗೆ. ಗಡದ ಮೇಲೆ ನೂಲೆಲ್ಲಿದೆ? ಆದರೂ ನಾನು ಬಿಟ್ಟಿರಲಿಲ್ಲ. ಆ ವರ್ಷ ಬೋರ್ಡು ಬೇರೆ ಬಂದಿತ್ತಲ್ಲ, ಇಷ್ಟು ಮರ್ಯಾದೆಯ ಇಲಿಗೆ ಕಡಿಮೆ ಆಗಬಾರದು ಅಂತ ಬುಟ್ಟಿ ತುಂಬ ರೊಟ್ಟಿ ಮುರಿದು, ಶೇಂಗಾ ಚಟ್ನಿ ಕಲಸಿ, ಬಿಲ ಬಿಲದ ಬಾಯಿಗೂ ಇಟ್ಟು ಬಂದೆ.

ಹುಡುಗಿ ಮತ್ತೆ ಡಬ್ಬಿ ಇಡಲು ಬಂದದ್ದೂ ಅದೇ ವಾರ. ಅವಳ ತಿನಿಸು ಪೇಟೆಯ ಬಾಟಲಿಯದು. ಬೆಳಿಗ್ಗೆ ಡಬ್ಬಿಗಳೆಲ್ಲ ಖಾಲಿ, ಒಂದು ಇಲಿಯೂ ಇಲ್ಲ. ಮರುದಿನವೂ ಖಾಲಿ. ಅಳುವ ಮುಖ ಮಾಡಿ ಬಂದಳು. ಹಬ್ಬದ ಊಟ ಆಗಿದೆಯವ್ವ, ಉಂಡು ಮಲಗಿರುತ್ತವೆ ಅಂತ ಇದ್ದದ್ದು ಇದ್ದ ಹಾಗೆ ಹೇಳಿದೆ. ಅವಳು ತಲೆ ಮೇಲೆ ಕೈ ಹೊತ್ತಳು.

ಮಾವಶಿಗೆ ತಡೆಯಲಾಗಲಿಲ್ಲ. "ಗಣಪತಿ ಗಾಡಿಗೆ ಪೆಟ್ರೋಲ್ ಹಾಕೀಯಲ್ಲ," ಅಂದಳು, "ಇನ್ನ ಅದು ಯಾರ ಮೈಮ್ಯಾಲ ಹಾಯತದ ನೋಡು."

ಮೂಲ

ನಮ್ಮ ಮೇಲೇ ಹಾಯಿತು. ಡಬ್ಬಿ ಖಾಲಿ ಅಂದರೆ ಇಲಿ ಸತ್ತವು, ಇಲಿ ಸತ್ತವು ಅಂದರೆ ಅಂಗಡಿಯವರಿಂದಲೇ ಅಂತ ಸಾಹೇಬರು ತೀರ್ಮಾನ ಮಾಡಿದರು. ಹುಡುಗಿ ಹೋಗಿ ಇಲಿವಾರದ ಕಥೆ ಹೇಳಿದಳಂತೆ. ಇಲಿಗೆ ಹಬ್ಬ ಮಾಡಿದ್ದಾರೆ ಅಂತ ಮೇಲಿನವರಿಗೆ ಯಾವ ಬಾಯಿಂದ ಹೇಳಲಿ ಅಂದರಂತೆ ಸಾಹೇಬರು.

ಒಲೆ ಎತ್ತಿಸಲು ಬಂದ ದಿನ ಸಾಹೇಬರು ನನ್ನ ಊರು ಯಾವುದು ಅಂತ ಕೇಳಿದರು. ಬಾಗಲಕೋಟ ಕಡೆ ಅಂದೆ. ಇಲಿ ಇಲ್ಲಿಯದೇ, ನೀವು ಹೊರಗಿನವರು ಅಂದರು. ಮಾವಶಿ ಮುಂದೆ ಬಂದು, ತನ್ನ ಮುತ್ತಜ್ಜಿ ಇದೇ ಗಡಕ್ಕೆ ಮೊಸರು ಹೊತ್ತವಳು ಅಂದಳು. ಇಲಿ ಅದಕ್ಕೂ ಮೊದಲಿನದು ಅಂದರು. ಅವರ ಆಳುಗಳು ನಮ್ಮ ನೆರಳಿನ ತಾಡಪಾಲು ಬಿಚ್ಚುತ್ತಿದ್ದರು, ಮಾವಶಿಯ ಮಡಕೆಗಳು ದಾರಿಯಲ್ಲಿ ಒಡೆದು ಬಿದ್ದಿದ್ದವು. ಮಾವಶಿ ಸೆರಗಿನಿಂದ ಕಣ್ಣು ಒರೆಸಿಕೊಂಡು ಅಂದಳು:

"ಸಾಹೇಬ, ನಿಮ್ಮ ಆಫೀಸಿನ ಕುರ್ಚಿ ಕೆಳಗೂ ಒಮ್ಮೆ ನೋಡ್ರಿ. ಅಲ್ಲೂ ಯಾವುದಾದರೂ ಬಿಲ ಇದ್ದೀತು, ನಿಮಗಿಂತ ಮೊದಲಿಂದು."

ಅಡಿಗೆಯವಳು

ನಾನು ಪುಣೆಯ ಬಿಬವೇವಾಡಿಯಲ್ಲಿರುವ ಮಗನ ಮನೆಯಲ್ಲಿ ಟಿವಿ ಮುಂದೆ ಕೂತುಬಿಟ್ಟೆ. ಮುಂದಿನ ಮಳೆಗಾಲ ಮುಗಿಯುತ್ತಲೇ ಹುಡುಗಿ ಬಾಗಿಲಿಗೆ ಬಂದಳು. ಇಲಿಗಳು ಬಾಟಲಿಯ ತಿನಿಸು ಮೂಸಿಯೂ ನೋಡುತ್ತಿಲ್ಲವಂತೆ. "ಅಜ್ಜಿ, ನಿಮ್ಮ ರೊಟ್ಟಿ ಚಟ್ನಿ ಬೇಕು. ನಿಮ್ಮನ್ನ ಮೇಲೆ ಕರ್ಕೊಂಡು ಹೋಗೋದಕ್ಕೆ ಪರ್ಮಿಷನ್ ಕೂಡ ತಗೊಂಡಿದ್ದೀನಿ," ಅಂದಳು. ಮನುಷ್ಯರಿಗೆ ರೊಟ್ಟಿ ಕೊಟ್ಟರೆ ಅತಿಕ್ರಮಣ, ಇಲಿಗೆ ಕೊಟ್ಟರೆ ವಿದ್ಯೆ. ಮಾವಶಿಗೆ ಆ ಭಾಗ್ಯವೂ ಇಲ್ಲ. ಡಬ್ಬಿಯಲ್ಲಿ ಮೊಸರು ಇಡಲಿಕ್ಕೆ ಬರುವುದಿಲ್ಲವಲ್ಲ.

ಮನೆಯಲ್ಲೇ ರೊಟ್ಟಿ ಬಡಿದು, ಅರಿವೆಯಲ್ಲಿ ಸುತ್ತಿಕೊಂಡು ಜೀಪು ಹತ್ತಿದೆ. ನನ್ನ ಒಲೆಯ ಜಾಗದಲ್ಲಿ ಬೋರ್ಡು ಒಂದೇ ನಿಂತಿತ್ತು. ಡಬ್ಬಿಗಳಿಗೆ ರೊಟ್ಟಿ ಹಾಕಿ ಬಂದೆವು. ಬೆಳಿಗ್ಗೆ ಡಬ್ಬಿ ಡಬ್ಬಿಯಲ್ಲೂ ಇಲಿ.

ಸುದ್ದಿ ಕೇಳಿ ಸಾಹೇಬರೇ ಏರಿ ಬಂದರು. ಬಿಸಿಲಿಗೆ ಬೆವರಿದ್ದರೂ ಮುಖ ಅರಳಿತ್ತು. ನೋಡಿದಿರಾ, ಅಂಗಡಿ ಎತ್ತಿಸಿದ ಕೂಡಲೇ ಇಲಿ ಹೊಳ್ಳಿ ಬಂದವು ಅಂದರು. ಹುಡುಗಿ ಬಾಯಿ ತೆಗೆದಳು. ಬೇಡ ಅಂತ ನಾನೇ ಕೈ ಹಿಡಿದೆ. ಮಧ್ಯಾಹ್ನವಾಯಿತು. ಸಾಹೇಬರು ಅತ್ತ ಇತ್ತ ನೋಡಿದರು. ಗಡದ ಮೇಲೆ ತಿನ್ನಲು ಏನಿದೆ, ಅಂಗಡಿಗಳನ್ನೆಲ್ಲ ಅವರೇ ಎತ್ತಿಸಿದ್ದಾರೆ. ಕಡೆಗೆ ನನ್ನ ಗಂಟಿನ ಹತ್ತಿರ ಬಂದು, ಅಜ್ಜಿ, ಒಂದು ರೊಟ್ಟಿ ಸಿಕ್ಕೀತಾ ಅಂತ ಮೆಲ್ಲಗೆ ಕೇಳಿದರು.

ಹಸಿದವರಿಗೆ ಇಲ್ಲ ಅಂದವಳಲ್ಲ ನಾನು. ಆದರೆ ಆವತ್ತು ಗಂಟನ್ನು ತೊಡೆಯ ಮೇಲೆ ಎತ್ತಿಟ್ಟುಕೊಂಡೆ.

"ಮನಷ್ಯಾರಿಗೆ ಇಲ್ಲಿ ಉಣ್ಣಾಕ ಕೊಡೂದು ನೀವ ಬಂದ್ ಮಾಡೀರಿ, ಸಾಹೇಬ್ರ. ಇದು ಇಲಿ ಪಾಲಿಂದು. ಹಸಿವಿ ತಡಿಯಾಕ ಆಗ್ಲಿಲ್ಲಂದ್ರ ಆ ಡಬ್ಬಿಯೊಳಗ ಹೋಗ್ರಿ, ರೊಟ್ಟಿ ಅಲ್ಲೇ ಅದ. ಹೆದರಬ್ಯಾಡ್ರಿ, ಈ ಹುಡುಗಿ ಭಾಳ ಚೊಲೊ ಅಕಿ. ತೂಗಿ, ಬಾಲ ಅಳದು, ಹೊಳ್ಳಿ ಬಿಡ್ತಾಳ."