ಕುಡಿಗೂ ಗುಡಿಗೂ ಒಂದೇ ಅಕ್ಷರ

ಮಾತಿ: ಇನ್ನೊಂದ್ಸಲ ಓದ್ಲಾ? "ಕುಡಿ. ಎಲ್ಲಾರೂ ಪನ್ನಿ." ಅದರ ಕೆಳಗೆ ದಪ್ಪಗೆ, "ನಂಜ."

ನಂಜ: ಪನ್ನಿ ಅಂದ್ರೆ ತಮಿಳಲ್ಲಿ ಹಂದಿ ಕಣೇ!

ಮಾತಿ: ನಂಗೂ ತಮಿಳು ಬತ್ತದೆ. ನನ್ಗೇನ್ ಹೇಳ್ತೀರಿ, ಹಲಗೇಗೆ ಹೇಳಿ.

ನಂಜ: ಲೋ ಆರ್ಮುಗಂ, ನಾನು ಬರ್ಸಿದ್ದೇನು? "ಗುಡಿ. ಎಲ್ಲಾರೂ ಬನ್ನಿ." ಶಿವನ ಗುಡಿಗೆ ಜನ ಕರಿ ಅಂದ್ರೆ ಹಂದಿ ಕರ್ದಿದ್ದೀಯಲ್ಲೋ!

ಆರುಮುಗಂ: ನೀವು ಹೇಳಿದ್ದೇ ಬರ್ದೆ ಅಣ್ಣಾ. ಮಾತು ನಿಮ್ದು, ಅಕ್ಷರ ನಮ್ದು. ನಾನು ಓದ್ತೀನಿ ಕೇಳಿ. "ಗುಡಿ. ಎಲ್ಲಾರೂ ಬನ್ನಿ." ಎಷ್ಟ್ ಚೆಂದಾಗಿ ಬಂತು ನೋಡಿ!

ನಂಜ: ನಿಂಗೆ ಗೊತ್ತು, ಅದ್ಕೆ ಬಂತು.

ಆರುಮುಗಂ: ಗೊತ್ತಿದ್ದೋರು ಗೊತ್ತಿದ್ದಂಗೆ ಓದ್ತಾರೆ ಅಣ್ಣಾ. ಅಷ್ಟೇ ವಿಷ್ಯ.

ನಂಜ: ಹಂಗಾದ್ರೆ ನೀನು ದಿನಾ ಇಲ್ಲೇ ನಿಂತ್ಕೊಂಡು ಬಸ್ಸಿಳಿದೋರಿಗೆಲ್ಲಾ ಓದಿ ಹೇಳು!

ತಮಿಳು ಸೀಮೆಯ ಸೋಲೂರಿನಿಂದ ಎರಡು ತಿರುವು ಕೆಳಗೆ, ಬಸ್ಸು ನಿಲ್ಲುವ ಜಾಗದ ನೀಲಗಿರಿ ಮರಕ್ಕೆ, ಕನ್ನಡದ ಮಾತನ್ನು ತಮಿಳಕ್ಷರದಲ್ಲಿ ಬರೆದ ಆ ಹಲಗೆಯನ್ನು ಹೊಡೆದಿದ್ದರು. ಅದರ ಮೇಲಿನ ಬಾಣದ ಗುರುತು ಚಹಾ ತೋಟದ ನಡುವೆ ಗುಡಿಗೆ ಹತ್ತುವ ಕಾಲುದಾರಿಯನ್ನು ತೋರಿಸುತ್ತಿತ್ತು. ಆ ಗುಡಿಯ ಬೀಗದಕೈ ಮೂರು ತಲೆಮಾರಿನಿಂದ ನಂಜನ ಮನೆಯಲ್ಲಿದೆ. ನಂಜ ತಮಿಳನ್ನು ನೀರು ಕುಡಿದಷ್ಟು ಸಲೀಸಾಗಿ ಮಾತಾಡುತ್ತಾನೆ, ಆದರೆ ಓದಲು ಬಾರದು. ಅಪ್ಪ ಸ್ಲೇಟಿನ ಮೇಲೆ ತಿದ್ದಿಸಿದ್ದು ಕನ್ನಡದ ಅಕ್ಷರವನ್ನು ಮಾತ್ರ. ಹೆಂಡತಿ ಮಾತಿ ಐದನೇ ಕ್ಲಾಸಿನವರೆಗೆ ತಮಿಳು ಶಾಲೆಯಲ್ಲಿ ಓದಿದವಳು. ಆರುಮುಗಂ ಊರಿನ ಎಸ್‌ಟಿಡಿ ಬೂತಿನಿಂದ ಹಿಡಿದು ಲಾರಿಗಳ ಹಿಂಭಾಗದವರೆಗೆ ಎಲ್ಲಕ್ಕೂ ಬಣ್ಣದಲ್ಲಿ ಬರೆದುಕೊಡುವವನು.

ಹಲಗೆ ಹಾಕಿಸಲು ಕಾರಣ ಬರೀ ಭಕ್ತಿಯಲ್ಲ. ಮೂರು ದಿನದ ಹಿಂದೆ ಕುಂದಾದಿಂದ ಗುಡಿ ಸಂಘದ ಅಧ್ಯಕ್ಷ ರಂಗನಾಥನ್ ಅವರ ಕಾಗದ ಬಂದಿತ್ತು. ಅವರೂ ಕನ್ನಡದ ಮಾತನ್ನು ತಮಿಳಕ್ಷರದಲ್ಲೇ ಬರೆಯುವವರು. ಮಾತಿ ಗಟ್ಟಿಯಾಗಿ ಓದಿ ಹೇಳಿದ್ದಳು: ಕುಡಿಯ ವಿಷಯ ವಿಚಾರಿಸಬೇಕು, ಬುಧವಾರ ಒಂದು ಗಂಟೆಯ ಬಸ್ಸಿಗೆ ಬರುತ್ತೇನೆ, ಬೀಗದಕೈ ತಂದಿರು. ಕೇಳಿದ ನಂಜನಿಗೆ ಅವತ್ತು ಊಟ ಸೇರಲಿಲ್ಲ. ಕೊರಳಲ್ಲಿ ಲಿಂಗ ಕಟ್ಟಿಕೊಂಡವನು ಹೋದ ವರ್ಷ ಮಸಿನಗುಡಿಯ ಸುಬ್ಬನ ಮನೆಯಲ್ಲಿ ಎರಡು ಲೋಟ ಬ್ರಾಂದಿ ಕುಡಿದಿದ್ದ. ಅದು ಸುಬ್ಬನಿಗೂ ತನಗೂ ಬಿಟ್ಟು ಇನ್ನಾರಿಗೂ ಗೊತ್ತಿಲ್ಲವೆಂದು ನಂಬಿದ್ದ. ಈಗ ಯಾರೋ ಬಾಯಿಬಿಟ್ಟಿದ್ದಾರೆ, ಬೀಗದಕೈ ಕೈತಪ್ಪುತ್ತದೆ ಎಂದು ಹೆದರಿ, ತನ್ನ ಭಕ್ತಿ ಅಧ್ಯಕ್ಷರ ಕಣ್ಣಿಗೆ ಮೊದಲೇ ಬೀಳಲಿ ಎಂದು ಈ ಹಲಗೆ ಹೊಡೆಸಿದ್ದ. ಇವತ್ತೇ ಬುಧವಾರ. ಗಂಟೆ ಹನ್ನೆರಡೂವರೆ.

ನಂಜ: ಬೆಳಗ್ಗೆ ಎಲೆ ಲಾರಿಯೋರು ಇಬ್ರು ಸೀದಾ ಗುಡಿಗೇ ಬಂದ್ಬುಟ್ರು. ಭಕ್ತರು ಅಂದ್ಕೊಂಡು ತೀರ್ಥ ಕೊಟ್ಟೆ. ಒಬ್ಬ ಕುಡ್ದು, "ಏನಣ್ಣಾ, ಕಿಕ್ಕೇ ಇಲ್ಲ" ಅಂದ. ಇನ್ನೊಬ್ಬ ಪನ್ನಿ ಎಲ್ಲಿ, ಹುರ್ದಿದ್ದಾ, ಸಾರಾ ಅಂತ ಕೇಳ್ದ. ಲಿಂಗದ ಮುಂದೆ ನಿಂತ್ಕೊಂಡು!

ಆರುಮುಗಂ: ನಮ್ಮಲ್ಲಿ ಕ-ಗೆ, ಗ-ಗೆ ಒಂದೇ ಅಕ್ಷರ. ಪ-ಗೆ, ಬ-ಗೆ ಒಂದೇ ಅಕ್ಷರ. ನಾನೇನ್ ಮಾಡ್ಲಿ?

ನಂಜ: ಇಬ್ಬರು ಮಕ್ಳಿಗೆ ಒಂದೇ ಚಡ್ಡೀನಾ? ನಮ್ಮಲ್ಲಿ ನೋಡು. ಕ, ಖ, ಗ, ಘ. ತಲೆಗೊಂದು.

ಆರುಮುಗಂ: ಆ ಎರಡ್ನೇದು ಇನ್ನೊಂದ್ಸಲ ಹೇಳಿ?

ನಂಜ: ಕ.

ಆರುಮುಗಂ: ಅದು ಮೊದಲ್ನೇದು.

ನಂಜ: ಕ್... ಕ್ಹ್... ಖ್ಹಾ!

ಕೊನೆಯ ಪ್ರಯತ್ನದಲ್ಲಿ ಕೆಮ್ಮು ಹತ್ತಿಕೊಂಡಿತು. ಮಾತಿ ಬೆನ್ನು ಗುದ್ದಿದಳು.

ಆರುಮುಗಂ: ಮೆಣಸಿನಕಾಯಿ ತಿಂದ್ರೆ ಏನಂತೀರಿ?

ನಂಜ: ಕಾರ.

ಆರುಮುಗಂ: ನೋಡಿ! ನಮ್ಮಲ್ಲಿ ಚಡ್ಡಿ ಕಮ್ಮಿ. ನಿಮ್ಮಲ್ಲಿ ಮಕ್ಳೇ ಇಲ್ಲ, ಚಡ್ಡಿ ಮಾತ್ರ ಹೊಲ್ಸಿಟ್ಟಿದ್ದೀರಿ.

ನಂಜನಿಗೆ ಸಿಟ್ಟು ನೆತ್ತಿಗೇರಿತು. ಆದರೆ ಬಸ್ಸಿಗೆ ಅರ್ಧ ಗಂಟೆಯೂ ಉಳಿದಿರಲಿಲ್ಲವಾದ್ದರಿಂದ ಅದನ್ನು ನುಂಗಿಕೊಂಡ. ಅಷ್ಟರಲ್ಲಿ ಆರುಮುಗಂ ಕುಂಚ ಎತ್ತಿ ಕುಣಿದಾಡಿದ. ತಮಿಳಿನ ಸ್ತೋತ್ರದ ಪುಸ್ತಕಗಳಲ್ಲಿ ಕ ಅಕ್ಷರದ ತಲೆಯ ಮೇಲೆ ಚಿಕ್ಕದಾಗಿ ಮೂರು ಎಂದು ಅಂಕಿ ಹಾಕಿರುತ್ತಾರಂತೆ. ಮೂರನೆಯ ಕ ಎಂದರೆ ಗ. ಹೇಳಿದವನೇ ಎರಡು ಕಡೆ ಮೂರು ಬರೆದ. ಎಲೆ ಕೀಳಲು ಹೊರಟಿದ್ದ ತಂಗಮ್ಮ ಬುಟ್ಟಿ ಇಳಿಸಿ ಓದತೊಡಗಿದಳು.

ತಂಗಮ್ಮ: ಕುಡಿ, ಮೂರು. ಎಲ್ಲಾರೂ ಪನ್ನಿ, ಮೂರು.

ಅವಳು ಹಲಗೆಯ ಕೆಳಗೆ ನಿಂತಿದ್ದವರನ್ನು ಒಬ್ಬೊಬ್ಬರಾಗಿ ನೋಡಿದಳು. ನಂಜ, ಮಾತಿ, ಆರುಮುಗಂ.

ತಂಗಮ್ಮ: ಲೆಕ್ಕ ಸರ್ಯಾಗೇ ಅದೆ.

ಬುಟ್ಟಿ ಹೊತ್ತು ಹೊರಟೇಹೋದಳು.

ನಂಜ: ಒರ್ಸು! ಮೊದ್ಲು ಆ ಮೂರು ಒರ್ಸು!

ಮಾತಿ: ತಡೀರಿ. ಮಸಿನಗುಡಿ ಬಸ್ಸಿನ ಬೋರ್ಡಲ್ಲೂ ಇದೇ ಅಕ್ಷರ ಅಲ್ವಾ? ಅಲ್ಯಾಕೆ ಯಾರೂ "ಮಸಿನಕುಡಿ" ಅನ್ನಲ್ಲ?

ಮಸಿನಗುಡಿ ಎಂದದ್ದೇ ನಂಜ ಹಣೆ ಒರೆಸಿಕೊಂಡ.

ನಂಜ: ಈಗ... ಈಗ ಮಸಿನಗುಡಿ ಮಾತ್ಯಾಕೆ?

ಮಾತಿ: ಅಕ್ಷರದ ಮಾತಾಡ್ತಿದ್ದೀನಪ್ಪ. ನೀವ್ಯಾಕೆ ಬೆವರ್ತೀರಿ?

ಆರುಮುಗಂ: ಅಕ್ಕಾ ಹೇಳಿದ್ದು ಸರಿ! ಆ ಅಕ್ಷರ ಪದದ ಮೊದ್ಲಲ್ಲಿ ಒಂಟಿಯಾಗಿ ನಿಂತ್ರೆ ಗಟ್ಟಿ, ಕ. ಅದರ ಮುಂದೆ ಇನ್ನೊಂದ್ ನಿಂತ್ರೆ ಮೆತ್ತಗಾಗ್ತದೆ, ಗ. ಮೂಗಿನ ಅಕ್ಷರ ನಿಂತ್ರಂತೂ ಬೆಣ್ಣೆ. ನಂಜ ಅಂತ ಬರ್ದಿದ್ದೀನಲ್ಲ, ಅದ್ನ ಯಾರಾದ್ರೂ ನಂಚ ಅಂದ್ರಾ?

ಮಾತಿ: ಗಂಡಸರೂ ಹಂಗೇ. ಮುಂದೆ ಹೆಂಡ್ತಿ ನಿಂತ್ರೆ ಮೆತ್ತಗೆ.

ಆರುಮುಗಂ: ಹಂಗಾದ್ರೆ "ನಂಗುಡಿ" ಅಂತ ಮಾಡ್ತೀನಿ, ನಮ್ಮ ಗುಡಿ. "ಎಲ್ಲಾರೂ" ಕೊನೇಲಿ ಒಂದು ಮ್ ಸಿಗಿಸ್ತೀನಿ. "ಎಲ್ಲಾರುಂಬನ್ನಿ" ಅಂತ ತಾನೇ ಹೊರಡ್ತದೆ.

ಬಿಳಿ ಬಣ್ಣದಲ್ಲಿ ಅಕ್ಷರಗಳು ಸೇರಿಕೊಂಡವು. ನಂಜನಿಗೆ ನಿಜಕ್ಕೂ ಜೀವ ಬಂದಂತಾಯಿತು. ಆದರೆ "ಎಲ್ಲಾರುಂ" ಮತ್ತು "ಬನ್ನಿ" ನಡುವೆ ಒಂದು ಗೇಣು ಜಾಗ ಹಾಗೆಯೇ ಉಳಿದಿತ್ತು. ಅದನ್ನು ಮುಚ್ಚುವ ಮೊದಲೇ ಒಂದು ಗಂಟೆಯ ಬಸ್ಸು ತಿರುವಿನಲ್ಲಿ ಹಾರನ್ ಹೊಡೆಯಿತು. ಕಂಕುಳಲ್ಲಿ ಚೀಲ ಇಟ್ಟುಕೊಂಡು ರಂಗನಾಥನ್ ಇಳಿದರು. ಕನ್ನಡಕ ಏರಿಸಿ ಹಲಗೆ ಓದಿದರು. ಓದಿದ್ದನ್ನೇ ಮತ್ತೊಮ್ಮೆ, ನಿಲ್ಲಿಸಿ ನಿಲ್ಲಿಸಿ ಓದಿದರು.

ರಂಗನಾಥನ್: "ನಂಗುಡಿ ಎಲ್ಲಾರುಂ... ಪನ್ನಿ. ನಂಜ."

ಆರುಮುಗಂ: (ಮೆಲ್ಲಗೆ) ಅಯ್ಯೋ. ತಮಿಳಲ್ಲಿ ಕುಡಿ ಅಂದ್ರೆ ವಂಶಾನೂ ಆಗ್ತದೆ ಅಣ್ಣಾ. ಮೊದ್ಲು ತಪ್ಪು ತಮಿಳಿತ್ತು. ಈಗ ಶುದ್ಧ ತಮಿಳಾಗೋಯ್ತು.

ರಂಗನಾಥನ್: ಏನಯ್ಯಾ ನಂಜಾ, ನಮ್ಮ ವಂಶವೆಲ್ಲಾ ಹಂದಿ ಅಂತ ಮರಕ್ಕೆ ಹೊಡ್ಸಿದ್ದೀಯಾ? ಕೆಳಗೆ ರುಜು ಬೇರೆ!

ಮೂರು ದಿನದಿಂದ ಬಿಗಿಹಿಡಿದಿದ್ದ ನಂಜನ ಧೈರ್ಯ ಅಲ್ಲಿಗೆ ಮುಗಿಯಿತು. ಬೀಗದಕೈ ಹಿಡಿದ ಕೈಗಳನ್ನು ಹಾಗೆಯೇ ಜೋಡಿಸಿದ.

ನಂಜ: ಎರಡೇ ಲೋಟ ಅಣ್ಣಾ!

ರಂಗನಾಥನ್: ಏನು ಎರಡು ಲೋಟ?

ನಂಜ: ಬ್ರಾಂದಿ. ಮಸಿನಗುಡಿ ಸುಬ್ಬನ ಮನೇಲಿ. ಮಳೇಲಿ ನೆಂದು ನಡುಗ್ತಿದ್ದೆ, ಔಷ್ದಿ ಅಂತ ಕೊಟ್ಟ. ಮೂರ್ನೇದು ಮೂಗಿನ ಹತ್ರ ತಂದು ಇಟ್ಬುಟ್ಟೆ, ಈ ಲಿಂಗದಾಣೆ! ಅದೊಂದ್ಸಲ ಬಿಟ್ರೆ ಮುಟ್ಟಿಲ್ಲ. ಕುಡಿ ವಿಷ್ಯ ವಿಚಾರಿಸ್ತೀನಿ ಅಂತ ಕಾಗದ ಬರ್ದಾಗ್ಲೇ ಬಂದು ಹೇಳ್ಬೇಕಿತ್ತು. ಬೀಗದಕೈ ಮಾತ್ರ ಕಿತ್ಕೋಬೇಡಿ. ನಮ್ಮಪ್ಪ ಸಾಯೋವಾಗ ನನ್ನ ಕೈಗೆ ಕೊಟ್ಟಿದ್ದು ಇದೊಂದೇ.

ರಂಗನಾಥನ್ ಚೀಲದಿಂದ ಬಡಗಿಯ ಅಳತೆ ಟೇಪನ್ನು ಈಚೆ ತೆಗೆದರು.

ರಂಗನಾಥನ್: ಕುಡಿ ವಿಷ್ಯ ಎಲ್ಲಿ ಬರ್ದೆ? ಗುಡಿ ವಿಷ್ಯ ಕಣಯ್ಯಾ! ಸೂರು ಸೋರ್ತದೆ ಅಂತ ಹೇಳಿದ್ರು. ಹೆಂಚು ಎಷ್ಟು ಬೇಕು ಅಂತ ಅಳ್ಯೋಕೆ ಬಂದೆ.

ಆರುಮುಗಂ ಕುಂಚ ತೊಳೆಯುವ ನೆಪದಲ್ಲಿ ಮರದ ಹಿಂದೆ ಸರಿದ.

ರಂಗನಾಥನ್: ಬೀಗದಕೈ ನಿಮ್ಮ ಮನೇಲೇ ಇರ್ಲಿ. ನಿನ್ನ ಕೈಲಿ ಬೇಡ.

ಅವರು ಮಾತು ಮುಗಿಸುವುದರೊಳಗೆ ಮಾತಿ ಬೀಗದಕೈಯನ್ನು ಗಂಡನ ಕೈಯಿಂದ ಬಿಡಿಸಿಕೊಂಡು ಸೆರಗಿನ ತುದಿಗೆ ಗಂಟು ಹಾಕಿಯಾಗಿತ್ತು.

ನಂಜ: ಲೇ, ಕಾಗದ ಓದಿದ್ದು ನೀನು! ಗುಡಿ ಅಂತಿದ್ದದ್ದನ್ನ ಕುಡಿ ಅಂತ ಯಾಕೆ ಓದ್ದೆ?

ಮಾತಿ: ಸುಬ್ಬನ ಹೆಂಡ್ತಿ ಹೋದ ವರ್ಷಾನೇ ನಂಗೆ ಹೇಳಿದ್ಲು. ಗೊತ್ತಿದ್ದೋರು ಗೊತ್ತಿದ್ದಂಗೆ ಓದ್ತಾರೆ.