ಕ್ರಾಸ್ನರನ ಹೆಸರಿಗೆ ಬಣ್ಣ

ಸೋಮವಾರ ಬೆಳಿಗ್ಗೆ ವೆಂಡೆಲ್ ಕ್ರಾಸ್ನರ್ ಟೀವಿ ಕಂಪನಿಯ ಗೇಟು ದಾಟಿ ಕಾರು ತಿರುಗಿಸಿದರೆ, ಅವನ ಕಾರು ನಿಲ್ಲೋ ಜಾಗದಲ್ಲಿ ಯಾರೋ ಮಂಡಿಯೂರಿ ಕೂತಿದ್ದ. ಪಕ್ಕದಲ್ಲಿ ಬಿಳಿ ಬಣ್ಣದ ಡಬ್ಬ. ಗೋಡೆಯ ಮೇಲೆ ಕಪ್ಪು ಅಕ್ಷರದಲ್ಲಿದ್ದ 'ವೆಂಡೆಲ್ ಕ್ರಾಸ್ನರ್, ಉಪಾಧ್ಯಕ್ಷರು, ಹಾಸ್ಯ ವಿಭಾಗ' ಅನ್ನೋದರಲ್ಲಿ ವೆಂಡೆಲ್ ಹೋಗಿದ್ದ, ಕ್ರಾಸ್ನರ್ ಹೋಗಿದ್ದ, ಉಪಾಧ್ಯಕ್ಷರೂ ಹೋಗಿದ್ದರು. ಹಾಸ್ಯ ವಿಭಾಗ ಒಂದೇ ಉಳಿದಿತ್ತು, ಅದರ ಮೇಲೂ ಬ್ರಷ್ಷು ಎಳೆಯೋದರಲ್ಲಿದ್ದ.

"ಏಯ್! ಏನಯ್ಯಾ ಮಾಡ್ತಿದ್ದೀಯಾ?"

"ಕಾಣಲ್ವಾ ಸಾರ್? ಬಣ್ಣ ಹೊಡೀತಿದ್ದೀನಿ."

"ಅದು ನನ್ನ ಹೆಸರು ಕಣಯ್ಯಾ!"

ಬಣ್ಣ ಹೊಡೆಯೋ ಯುಸೇಬಿಯೋ ಗೋಡೆ ನೋಡಿದ, ಇವನ ಮುಖ ನೋಡಿದ, ಟೋಪಿ ತೆಗೆದು ಎದೆಗೆ ಹಿಡಿದುಕೊಂಡ. "ಪಾಪ. ಒಳ್ಳೇ ಹೆಸರಿತ್ತು ಸಾರ್," ಅಂದವನೇ ಮತ್ತೆ ಬಳಿಯೋಕೆ ಶುರು ಮಾಡಿದ.

ವೆಂಡೆಲ್‌ಗೆ ತನ್ನ ಕೆಲಸ ಹೋಯಿತು ಅಂತ ಅರ್ಥವಾಯಿತು. ಆಗದೆ ಏನು? ನಮ್ಮ ಲಾಸ್ ಏಂಜಲೀಸಿನಲ್ಲಿ ಟೀವಿ ಕಂಪನಿಯವನನ್ನು ಕೆಲಸದಿಂದ ತೆಗೆದರೆ ಬಾಯಿಬಿಟ್ಟು ಹೇಳುವ ಪದ್ಧತಿ ಇಲ್ಲ. ಹೇಳೋಕೆ ಎದೆಗಾರಿಕೆ ಬೇಕಲ್ಲ! ಆಜ್ಞೆ ಮಾಡುವ ದೊಡ್ಡವರೆಲ್ಲ ನ್ಯೂಯಾರ್ಕಿನಲ್ಲಿ ಕೂತಿರುತ್ತಾರೆ. ಮೊದಲು ಬಣ್ಣದವನನ್ನು ಕಳಿಸುತ್ತಾರೆ, ಫೋನು ಆಮೇಲೆ, ಅವರ ಊಟ ಕಾಫಿ ಎಲ್ಲ ಆಗಿ ಮನಸ್ಸು ಬಂದರೆ. ನಾಚಿಕೆಗೆಟ್ಟವರು.

ಅದೂ ಯಾರಿಗೆ? ವೆಂಡೆಲ್‌ಗೆ! ಸ್ಟುಡಿಯೋ ನೋಡೋಕೆ ಬಂದ ಪ್ರವಾಸಿಗಳಿಗೆ ಶೌಚಾಲಯದ ದಾರಿ ತೋರಿಸುವ ಕೆಲಸದಿಂದ ಶುರು ಮಾಡಿದವನು. ಕ್ವಿಜ್ ಕಾರ್ಯಕ್ರಮದಲ್ಲಿ ಬಹುಮಾನದ ರೆಫ್ರಿಜರೇಟರ್ ತಳ್ಳಿದ. ಒಬ್ಬ ಡಾಕ್ಟರು ಮೂರು ಜನ ಅಕ್ಕತಂಗಿಯರನ್ನು ಸಾಲಾಗಿ ಮದುವೆಯಾಗುವ ಮಧ್ಯಾಹ್ನದ ಧಾರಾವಾಹಿಯನ್ನು ವರ್ಷಗಟ್ಟಲೆ ನೋಡಿಕೊಂಡ. ಹಾಗೆ ಒಂದೊಂದೇ ಮೆಟ್ಟಿಲು ಹತ್ತಿ ಈ ಕುರ್ಚಿಗೆ ಬಂದಿದ್ದ. ಹೋದ ವರ್ಷ ಲಾಂಡ್ರಿ ಅಂಗಡಿಯ ವಿಧವೆಯ ಕತೆಯನ್ನು ಎಲ್ಲರೂ ಬೇಡ ಬೇಡ ಅಂದರೂ ಹಟ ಹಿಡಿದು ತೆರೆಗೆ ತಂದವನು ಇವನೇ. ಈಗ ಇಡೀ ಅಮೆರಿಕ ಗುರುವಾರ ರಾತ್ರಿ ಆ ವಿಧವೆಯ ಮುಂದೆ ಕೂತಿರುತ್ತದೆ. ಅಂಥವನ ಹೆಸರಿಗೆ ಬಿಳಿ ಬಣ್ಣ!

ಕಾರನ್ನು ಹೊರಗಿನವರು ನಿಲ್ಲಿಸೋ ಕಡೆ ಬಿಟ್ಟು, ಬಿಸಿಲಲ್ಲಿ ನಡೆದುಕೊಂಡು, ಬೆವರು ಸುರಿಸುತ್ತಾ ತನ್ನ ಕೋಣೆಗೆ ಬಂದರೆ, ಸೆಕ್ರೆಟರಿ ಲೊರೇನ್ ಅವನ ಹೆಂಡತಿಯ ಫೋಟೋವನ್ನೂ ಕಳ್ಳಿ ಗಿಡವನ್ನೂ ರಟ್ಟಿನ ಪೆಟ್ಟಿಗೆಗೆ ತುಂಬಿ ಆಗಿತ್ತು.

"ಲೊರೇನ್! ನಿಂಗ್ಯಾರು ಹೇಳಿದ್ದು?"

"ಯಾರೂ ಹೇಳ್ಲಿಲ್ಲ ಸಾರ್. ಕಿಟಕೀಲಿ ನೋಡ್ದೆ. ಅಳೋದೆಲ್ಲ ಆಗ್ಲೇ ಮುಗಿಸ್ಬಿಟ್ಟೆ. ಈ ಸ್ಟೇಪ್ಲರ್ ನಿಮ್ದಾ, ಕಂಪನೀದಾ?"

ಅಷ್ಟರಲ್ಲಿ ಗಂಭೀರ ನಾಟಕಗಳ ವಿಭಾಗದ ಬ್ಯಾರಿ ಸ್ಪ್ರೇಗ್ ಒಳಗೆ ಬಂದ. ವೆಂಡೆಲ್‌ನ ಸೋಫಾದ ಮೇಲೆ ಕೂತು, ಕುಂಡೆಯಿಂದ ಎರಡು ಸಲ ಕುಪ್ಪಳಿಸಿ ಸ್ಪ್ರಿಂಗು ಹೇಗಿದೆ ಅಂತ ಪರೀಕ್ಷೆ ಮಾಡಿದ.

"ತುಂಬಾ ಬೇಜಾರಾಯ್ತು ಕಣೋ ವೆಂಡೆಲ್. ನಂಗೆ ಹೋದ ವಾರವೇ ಗೊತ್ತಿತ್ತು. ಹೇಳಿದ್ರೆ ನೊಂದ್ಕೋತೀಯ ಅಂತ ಸುಮ್ನಿದ್ದೆ."

ಹೋದ ವಾರವಂತೆ! ಈಗಷ್ಟೇ ಲಿಫ್ಟಿನಲ್ಲಿ ಬರುವಾಗ ಯಾರೋ ಮಾತಾಡಿದ್ದು ಕಿವಿಗೆ ಬಿದ್ದಿತ್ತು, ಅಷ್ಟೇ. ಆದರೆ ನಮ್ಮ ಟೀವಿ ಮಂದಿಯ ಬುದ್ಧಿಯೇ ಇದು. ಇವರಿಗೆ ಕತೆ ಗೊತ್ತಾಗದಿದ್ದರೂ ನಡೆಯುತ್ತೆ, ನಟನೆ ಗೊತ್ತಾಗದಿದ್ದರೂ ನಡೆಯುತ್ತೆ, 'ಗೊತ್ತಿಲ್ಲ' ಅನ್ನೋ ಮಾತು ಮಾತ್ರ ಬಾಯಿಂದ ಬರಕೂಡದು. ಬಂದರೆ ಅವನ ಕತೆ ಮುಗಿಯಿತು ಅಂತ ಲೆಕ್ಕ.

ವೆಂಡೆಲ್ ಈ ಕಟ್ಟಡದಲ್ಲಿ ಎಲ್ಲರಿಗಿಂತ ಮೇಲಿನ ಸಾಹೇಬ ಚೆಟ್ ಡನ್‌ಲೀವಿಯ ಕೋಣೆಗೆ ನುಗ್ಗಿದ.

"ಚೆಟ್, ನನ್ನ ಹೆಸರಿಗೆ ಬಣ್ಣ ಹೊಡೆದಿದ್ದಾರೆ! ಇದೇನು ನ್ಯಾಯ?"

ಡನ್‌ಲೀವಿಗೆ ಆ ಕ್ಷಣದವರೆಗೆ ಒಂದಕ್ಷರ ಗೊತ್ತಿರಲಿಲ್ಲ. ಬಾಯಿ ಸ್ವಲ್ಪ ತೆರೆಯಿತು. ಕಿಟಕಿಯಿಂದ ಕೆಳಗೆ ಬಗ್ಗಿ ನೋಡಿದ. ಬಿಳಿ ಗೋಡೆ ಕಂಡಿತು. ನ್ಯೂಯಾರ್ಕಿನವರು ನನಗೆ ಹೇಳದೇ ನನ್ನ ಕೈಕೆಳಗಿನವನನ್ನು ತೆಗೆದರೇ ಅಂದುಕೊಂಡ. ಬಾಯಿ ಮುಚ್ಚಿ, ಟೈ ಸರಿಮಾಡಿಕೊಂಡ.

"ಹ್ಞಾ, ಆ ವಿಚಾರ. ಗೊತ್ತು ನಂಗೆ."

"ಯಾಕೆ ತೆಗೆದ್ರಿ? ಏನು ತಪ್ಪು ಮಾಡಿದ್ದೀನಿ?"

"ಯಾಕೆ ಅಂತ ನಿನಗೇ ಗೊತ್ತು ವೆಂಡೆಲ್."

"ನಂಗೆ ಗೊತ್ತಿಲ್ಲ!"

"ನೋಡಿದ್ಯಾ? ಇದೇ ನಿನ್ನ ತೊಂದ್ರೆ," ಅಂದ ಡನ್‌ಲೀವಿ.

ವೆಂಡೆಲ್ ಬಾಗಿಲು ದಾಟುವುದೇ ತಡ, ಡನ್‌ಲೀವಿ ನ್ಯೂಯಾರ್ಕಿಗೆ ಫೋನು ಹಚ್ಚಿದ. ತಾನು ಹಿಂದೆ ಬಿದ್ದಿಲ್ಲ ಅಂತ ತೋರಿಸಿಕೊಳ್ಳಬೇಡವೇ? ಅಧ್ಯಕ್ಷ ಥೇಯರ್ ಸಾಹೇಬರಿಗೆ, "ಕ್ರಾಸ್ನರನ್ನ ನಾನೇ ತೆಗೆದುಬಿಟ್ಟೆ ಸಾರ್, ಸ್ಪ್ರೇಗ್‌ನ ಆ ಜಾಗದಲ್ಲಿ ಕೂರಿಸ್ದೆ," ಅಂದ. ಆ ಕಡೆ ಯಾವುದೋ ಕಾಗದ ಮಗುಚಿದ ಸದ್ದು. ಆಮೇಲೆ, "ಹಾಗೋ? ಹ್ಞೂಂ, ಗೊತ್ತಾಯ್ತು, ಗೊತ್ತಾಯ್ತು," ಅಂದರು ಥೇಯರ್.

ಮಧ್ಯಾಹ್ನ ವೆಂಡೆಲ್ ದಿನಾ ಹೋಗುವ ಹೋಟೆಲಿಗೇ ಹೋದ. ಕಿಟಕಿ ಪಕ್ಕದ ಮೇಜು ಯಾವಾಗಲೂ ಅವನದು. ಇವತ್ತು ಮುಖ್ಯ ಸಪ್ಲಯರು ಅವನ ಮೊಣಕೈಯನ್ನು ಮೃದುವಾಗಿ ಹಿಡಿದು, ಕಿಟಕಿ ದಾಟಿಸಿ, ನಡುವಿನ ಮೇಜುಗಳನ್ನೂ ದಾಟಿಸಿ, ಅಡಿಗೆಮನೆ ಬಾಗಿಲ ಹತ್ತಿರ ಕೂರಿಸಿದ. ಬಾಗಿಲು ತೆಗೆದಾಗಲೆಲ್ಲ ವೆಂಡೆಲ್‌ನ ಭುಜಕ್ಕೆ ಬಡಿಯುತ್ತಿತ್ತು.

"ಇದೇನಯ್ಯಾ, ನನ್ನ ಮೇಜು?"

"ಸ್ಪ್ರೇಗ್ ಸಾಹೇಬ್ರಿಗೆ ಇಟ್ಟಿದ್ದೀವಿ ಸಾರ್. ನಮಗೆ ಶುಕ್ರವಾರವೇ ಸುದ್ದಿ ಬಂದಿತ್ತು."

"ಸುಳ್ಳು ಬೊಗಳಬೇಡ! ಶುಕ್ರವಾರ ನನಗೇ ಗೊತ್ತಿರ್ಲಿಲ್ಲ!"

"ಕೊನೇಗೆ ಗೊತ್ತಾಗೋದು ಅವರವರಿಗೇ ಅಲ್ವಾ ಸಾರ್. ಸೂಪು ತರ್ಲಾ?"

ಸೂಪಿನ ಬದಲು ಫೋನು ಬಂತು. ದೊಡ್ಡವರಿಗಾದರೆ ಫೋನನ್ನು ಮೇಜಿಗೇ ತಂದಿಡುತ್ತಾರೆ, ಈ ಮೇಜಿನವರೆಗೆ ತಂತಿ ಎಟುಕುವುದಿಲ್ಲವಂತೆ. ವೆಂಡೆಲ್ ಅಡಿಗೆಮನೆಗೆ ಹೋಗಿ, ಪಾತ್ರೆ ತೊಳೆಯುವವರ ನಡುವೆ ನಿಂತು, ಗೋಡೆಯ ಫೋನು ಹಿಡಿದ. ಹೆಂಡತಿ ಆರ್ಲೀನ್.

"ರೀ, ಏನ್ರೀ ಇದು? ಪಕ್ಕದ್ಮನೆ ಡೋರಿಸ್ ಬಂದು ಕೂತಿದ್ದಾಳೆ. ಕಪ್ಪು ಬಟ್ಟೆ ಹಾಕ್ಕೊಂಡು, ಸತ್ತೋರ ಮನೆಗೆ ತರೋ ಹಾಗೆ ಗಾಜಿನ ಪಾತ್ರೆ ತುಂಬ ಮೀನು, ನೂಡಲ್ಸು ಬೇಯಿಸ್ಕೊಂಡು ತಂದಿದ್ದಾಳೆ. ಅವಳ ಗಂಡ ಸತ್ತಾಗ ನಾನು ಕೊಟ್ಟಿದ್ದ ಪಾತ್ರೇಲೇ ತಂದಿದ್ದಾಳೆ ಕಣ್ರೀ!"

"ಕೆಲಸ ಹೋಯ್ತು ಆರ್ಲೀನ್. ನಿಂಗೂ ಮೊದ್ಲೇ ಗೊತ್ತಿತ್ತು ಅನ್ಬೇಡ, ದಮ್ಮಯ್ಯ!"

"ನಂಗೆಲ್ಲಿ ಗೊತ್ತಿತ್ತು? ಕಟ್ಕೊಂಡ ನನಗೇ ಹೇಳ್ಲಿಲ್ಲ ನೀವು. ಅಲ್ಲಾ, ನಿಮ್ಮನ್ನ ತೆಗೆದಿದ್ದು ಯಾರು?"

ವೆಂಡೆಲ್ ಯೋಚಿಸಿದ. "ಯಾರು ಅಂತ ಯಾರೂ ಹೇಳ್ಲಿಲ್ಲ."

"ಅಯ್ಯೋ ದೇವ್ರೇ! ಆ ಬಣ್ಣದೋನ್ನ ಕಳ್ಸಿದ್ದು ಯಾರು ಅಂತ ಅವನ್ನೇ ಕೇಳಬಾರ್ದಾ? ಇಷ್ಟು ವರ್ಷ ಆ ಕಂಪನೀಲಿ ಇದ್ದೂ ಇದ್ದೂ ನಿಮ್ಮ ತಲೆಗೆ ಏನಾಯ್ತು?"

ಹೆಂಡತಿಯಿಂದ ಬೈಸಿಕೊಂಡು ಇಷ್ಟು ಸಂತೋಷಪಟ್ಟ ಗಂಡಸನ್ನು ಆ ಅಡಿಗೆಮನೆ ಹಿಂದೆಂದೂ ಕಂಡಿರಲಿಲ್ಲ. ವೆಂಡೆಲ್ ಸೂಪಿಗೆ ಕಾಯದೆ ಓಡಿದ.

ಯುಸೇಬಿಯೋ ಗೇಟಿನ ಹತ್ತಿರ ತನ್ನ ಗಾಡಿಯ ಹಿಂಭಾಗದಲ್ಲಿ ಕೂತು, ರೊಟ್ಟಿಯಲ್ಲಿ ಸುತ್ತಿದ ಕಾಳಿನ ಪಲ್ಯ ತಿನ್ನುತ್ತಿದ್ದ.

"ನನ್ನ ಹೆಸರು ಅಳಿಸು ಅಂತ ಯಾರಯ್ಯಾ ಹೇಳಿದ್ದು?"

"ನಂಗೊತ್ತಿಲ್ಲ ಸಾರ್."

ವೆಂಡೆಲ್‌ನ ಕಣ್ಣಲ್ಲಿ ನೀರೇ ಬಂತು. ಬೆಳಗಿನಿಂದ ಆ ಕಂಪನಿಯ ಗೋಡೆಯೊಳಗೆ ಈ ಮಾತು ಹೇಳಿದವನು, ತನ್ನನ್ನು ಬಿಟ್ಟರೆ, ಇವನೊಬ್ಬನೇ.

"ನ್ಯೂಯಾರ್ಕ್ ಆಫೀಸಿಂದ ಫೋನು ಬಂತು. ತೆಗೀತಿರೋರ ಹೆಸರು ಗುಟ್ಟು, ಕೇಳ್ಬೇಡ ಅಂದ್ರು. ಸಾಲಲ್ಲಿ ಎರಡನೇ ಜಾಗ, ಬಳಿದುಬಿಡು ಅಂದ್ರು. ಬಳಿದೆ."

"ಯಾವ ಕಡೆಯಿಂದ ಎರಡನೇದು?"

ಯುಸೇಬಿಯೋ ಅಗಿಯುವುದನ್ನು ನಿಲ್ಲಿಸಿದ. ಸಾಲಿನ ಈ ತುದಿ ನೋಡಿದ, ಆ ತುದಿ ನೋಡಿದ. "ನನ್ನ ಗಾಡಿ ಗೇಟಿನ ಹತ್ರ ಇತ್ತು ಸಾರ್. ಇಲ್ಲಿಂದ ಎಣಿಸ್ದೆ. ಯಾಕೆ?"

"ಹೋಗು! ಈಗ್ಲೇ ಫೋನ್ ಮಾಡಿ ಕೇಳು!"

ಯುಸೇಬಿಯೋ ಗೇಟಿನ ಕಾವಲುಗಾರನ ಗೂಡಿಗೆ ಹೋಗಿ ಫೋನು ಮಾಡಿ, ತಲೆ ಕೆರೆದುಕೊಳ್ಳುತ್ತಾ ವಾಪಸು ಬಂದ. "ಕಟ್ಟಡದ ಬಾಗಿಲ ಕಡೆಯಿಂದ ಅಂತೆ ಸಾರ್. ತಪ್ಪಾಗೋಯ್ತು."

ವೆಂಡೆಲ್ ಅವನನ್ನು ಬಾಚಿ ತಬ್ಬಿಕೊಂಡ. ಕೋಟಿಗೆಲ್ಲ ಬಿಳಿ ಬಣ್ಣ ಮೆತ್ತಿತು. "ಅಲ್ಲಿ ಯಾವನಿದ್ರೆ ನನಗೇನು! ಹೋಗು, ಸರಿಯಾದ್ದನ್ನ ಬಳಿ ಹೋಗು!" ಅಂತ ಕೂಗಿ, ಮೆಟ್ಟಿಲು ಎರಡೆರಡು ಹಾರುತ್ತಾ ಮೇಲೆ ಓಡಿದ.

"ಚೆಟ್! ತಪ್ಪಾಗಿದೆ! ಬಣ್ಣದವನು ತಿರುವುಮುರುವು ಎಣಿಸಿಬಿಟ್ಟ! ತೆಗೀಬೇಕಾಗಿದ್ದು ನನ್ನನ್ನಲ್ಲ!"

ಡನ್‌ಲೀವಿ ಕಿಟಕಿಗೆ ಬೆನ್ನು ಮಾಡಿ ಕೂತಿದ್ದ. ಕೈಯಲ್ಲಿದ್ದ ಸಿಗಾರು ಕೆಳಗಿಟ್ಟ. "ಮತ್ತೆ ಯಾರನ್ನ?"

"ಯಾರೋ! ಕೇಳ್ಲಿಲ್ಲ! ನಾನಲ್ಲ, ಅಷ್ಟು ಸಾಕು!"

"ಕೂತ್ಕೋ ಮಾರಾಯಾ. ನಾನು ಅಧ್ಯಕ್ಷರಿಗೆ ಏನಂತ ಹೇಳಿದ್ದೀನಿ? ನಾನೇ ತೆಗೆದೆ ಅಂತ. ಈಗ ಬಣ್ಣದವನ ತಪ್ಪು ಅಂದ್ರೆ ಏನರ್ಥ? ಬೆಳಿಗ್ಗೆ ನಂಗೆ ಏನೂ ಗೊತ್ತಿರ್ಲಿಲ್ಲ ಅಂತ. ಗೊತ್ತಿಲ್ಲದವನನ್ನ ಈ ಕುರ್ಚೀಲಿ ಒಂದು ದಿನ ಇಟ್ಕೋತಾರಾ?"

"ಅದಕ್ಕೆ ನನ್ನ ಕೆಲಸ ಬಲಿ ಕೊಡ್ತೀರಾ? ಒಬ್ಬರಾದ್ರೂ ಒಂದೇ ಒಂದು ಫೋನು ಮಾಡಿ ಕೇಳಿದ್ರೆ ಮುಗೀತಿತ್ತು! ನಿಮ್ಮ ಜನ್ಮಕ್ಕಿಷ್ಟು! ಆ ಲಾಂಡ್ರಿ ವಿಧವೆ ನಿಮ್ಮೆಲ್ಲರ ಹೊಟ್ಟೆಗೆ ಅನ್ನ ಹಾಕ್ತಿದ್ದಾಳೆ! ನಾಚಿಕೆ..."

ಮಾತು ಅಲ್ಲಿಗೇ ನಿಂತಿತು. ಡನ್‌ಲೀವಿಯ ಹೆಗಲ ಮೇಲಿನಿಂದ ವೆಂಡೆಲ್‌ಗೆ ಕೆಳಗಿನ ಸಾಲು ಕಾಣುತ್ತಿತ್ತು. ಬಾಗಿಲ ಪಕ್ಕದ ಮೊದಲ ಜಾಗ ಥೇಯರ್ ಸಾಹೇಬರದು, ಅವರು ಎಂದಾದರೂ ಬಂದರೆ ಇರಲಿ ಅಂತ. ಎರಡನೆಯದರ ಮುಂದೆ ಯುಸೇಬಿಯೋ ಮಂಡಿಯೂರಿ ಕೂತಿದ್ದ. 'ಚೆಟ್' ಆಗಲೇ ಹೋಗಿತ್ತು.

ವೆಂಡೆಲ್ ಬೆರಳು ತೋರಿಸಿದ. ಡನ್‌ಲೀವಿ ಕುರ್ಚಿ ತಿರುಗಿಸಿ ನೋಡಿದ. ಅವನ ಮುಖ ಆ ಗೋಡೆಗಿಂತ ಬೆಳ್ಳಗಾಯಿತು. ಟೈ ಸರಿಮಾಡಿಕೊಂಡ.

"ಗೊತ್ತು ನಂಗೆ," ಅಂದ. "ಹೋದ ವಾರವೇ ಗೊತ್ತಿತ್ತು."

ಆಗ ಫೋನು ಬಡಿದುಕೊಂಡಿತು. ಡನ್‌ಲೀವಿ ಕಿಟಕಿಯಿಂದ ಕಣ್ಣು ತೆಗೆಯದೆ ಸ್ಪೀಕರಿನ ಗುಂಡಿ ಒತ್ತಿದ. ಥೇಯರ್ ಸಾಹೇಬರ ದನಿ ಕೋಣೆ ತುಂಬಿತು.

"ಚೆಟ್, ವಿಷಯ ನಿಂಗೆ ಗೊತ್ತಾಗಿರ್ಬೇಕು."

"ಗೊತ್ತು ಸಾರ್."

"ಒಳ್ಳೇದು. ಒಂದೇ ಬೇಜಾರು ಕಣಯ್ಯಾ. ನಿನ್ನ ಕುರ್ಚೀಲಿ ವೆಂಡೆಲ್ ಕ್ರಾಸ್ನರನ್ನ ಕೂರಿಸ್ಬೇಕು ಅಂತ ಇಲ್ಲಿ ಎಲ್ಲರೂ ಒಪ್ಪಿದ್ರು. ಆ ಲಾಂಡ್ರಿ ವಿಧವೆ ಒಬ್ಳೇ ಸಾಕಿತ್ತು. ಅಷ್ಟ್ರಲ್ಲಿ ನೀನೇ ಫೋನ್ ಮಾಡಿ ತೆಗೆದುಬಿಟ್ಟೆ ಅಂದೆ. ಅಂಥವನ್ನ ತೆಗೆದಿದ್ದೀಯ ಅಂದ್ರೆ ಏನೋ ದೊಡ್ಡದೇ ಇರ್ಬೇಕು ಅಂತ ಆ ಕುರ್ಚೀನ ಸ್ಪ್ರೇಗ್‌ಗೆ ಕೊಟ್ಟಿದ್ದಾಯ್ತು."

ವೆಂಡೆಲ್ ಮೇಜಿನ ಮೇಲೆ ಹಾರಿ ಬಿದ್ದ. "ಏನೂ ಇಲ್ಲ ಸಾರ್! ದೊಡ್ಡದೂ ಇಲ್ಲ, ಚಿಕ್ಕದೂ ಇಲ್ಲ! ಬಣ್ಣದವನು ಆ ಕಡೆಯಿಂದ ಎಣಿಸ್ಬೇಕಿತ್ತು! ಗಾಡಿ ಗೇಟಿನ ಹತ್ರ ಇತ್ತು! ನಾನೇ ಸಾರ್ ಅದು, ಆ ಕುರ್ಚಿ ನಂದು!"



"ಚೆಟ್," ಅಂದರು ಥೇಯರ್, ದನಿ ತಗ್ಗಿಸಿ. "ಅಲ್ಲಿ ಕೂಗಾಡ್ತಿರೋದು ಯಾರು?"

"ವೆಂಡೆಲ್, ಸಾರ್."

"ಅಯ್ಯೋ ಪಾಪ. ತಲೆ ಕೆಟ್ಟಿದೆಯಾ? ಅದಕ್ಕೇ ತೆಗೆದ್ಯಾ?"

ಡನ್‌ಲೀವಿ ವೆಂಡೆಲ್‌ನ ನೋಡಿದ. ಕಿಟಕಿಯ ಕಡೆ ನೋಡಿದ. ಟೈ ಸರಿಮಾಡಿಕೊಂಡ.

"ಹೌದು ಸಾರ್."

"ನಂಗೆ ಮೊದ್ಲೇ ಗೊತ್ತಿತ್ತು," ಅಂದರು ಥೇಯರ್ ಸಾಹೇಬರು.